ಸಾರಥಿಯ ಬಿಲ್ಲೆ

ರಾತ್ರಿ ಹತ್ತು ಗಂಟೆಗೆ ಬೆಂಗಳೂರಿನಲ್ಲಿ ಬಸ್ಸು ಹತ್ತುತ್ತೇವೆ. ನಮ್ಮ ಸೀಟು ಯಾವುದೆಂದು ನೋಡುತ್ತೇವೆ. ಕಿಟಕಿಯ ಗಾಜು ಸರಿಯಾಗಿ ಮುಚ್ಚುತ್ತದೆಯೇ ಎಂದು ನೋಡುತ್ತೇವೆ. ಪಕ್ಕದಲ್ಲಿ ಕುಳಿತವರು ಎಂಥವರೆಂದು ಓರೆಗಣ್ಣಿನಿಂದ ನೋಡುತ್ತೇವೆ. ನೋಡದೆ ಬಿಡುವುದು ಒಬ್ಬರನ್ನು ಮಾತ್ರ, ಬಸ್ಸು ನಡೆಸುವವರನ್ನು. ಶಾಲು ಹೊದ್ದು ಕಣ್ಣು ಮುಚ್ಚಿದರೆ ಬೆಳಗಿನ ಜಾವಕ್ಕೆ ಮಂಗಳೂರು. ನಡುವೆ ಶಿರಾಡಿ ಘಾಟಿಯ ತಿರುವುಗಳಲ್ಲಿ ಐವತ್ತು ಜನರ ಪ್ರಾಣ ಯಾರ ಎರಡು ಕೈಗಳಲ್ಲಿತ್ತೋ ಅವರ ಹೆಸರು ನಮಗೆ ತಿಳಿಯದು, ಮುಖವೂ ನೆನಪಿರದು.

ನೂರು ರೂಪಾಯಿ ಕೈಗಡ ಕೊಡುವ ಮುನ್ನ ಹತ್ತು ಸಲ ವಿಚಾರ ಮಾಡುವ ನಾವು ಇಷ್ಟು ದೊಡ್ಡ ನಂಬಿಕೆಯನ್ನು ಅಪರಿಚಿತರ ಮೇಲೆ ಹೇಗೆ ಇಡುತ್ತೇವೆ? ನಮಗಿಂತ ಮೊದಲೇ ಯಾರೋ ಅವರನ್ನು ಪರೀಕ್ಷಿಸಿದ್ದಾರೆ, ‘ಈತ ಯೋಗ್ಯ’ ಎಂದು ಬರೆದುಕೊಟ್ಟಿದ್ದಾರೆ ಎಂಬ ಭರವಸೆಯಿಂದ. ಆ ‘ಯೋಗ್ಯತೆ’ ಎಂದರೇನು, ಅದನ್ನು ಅಳೆಯುವ ಕೋಲು ಕಾಲದಿಂದ ಕಾಲಕ್ಕೆ ಹೇಗೆ ಬದಲಾಯಿತು ಎಂಬುದೇ ಒಂದು ಸ್ವಾರಸ್ಯವಾದ ಚರಿತ್ರೆ.

ನಮ್ಮ ಪುರಾಣಗಳಲ್ಲಿ ಸಾರಥಿಗೆ ಪರವಾನಗಿ ಇರಲಿಲ್ಲ, ಪರೀಕ್ಷೆ ಇತ್ತು. ನಳನು ಬಾಹುಕನೆಂಬ ಹೆಸರಿನಲ್ಲಿ ಋತುಪರ್ಣನ ರಥ ಹೊಡೆಯುತ್ತಿದ್ದಾಗ ರಾಜನ ಉತ್ತರೀಯ ಜಾರಿ ಬಿತ್ತಂತೆ. ರಥ ನಿಲ್ಲಿಸೆಂದು ಹೇಳುವಷ್ಟರಲ್ಲಿ ಅದು ಬಿದ್ದ ಸ್ಥಳ ಒಂದು ಯೋಜನ ಹಿಂದೆ ಉಳಿದಿತ್ತು. ಅಶ್ವಹೃದಯ ಬಲ್ಲವನ ಕೈಗೆ ಬೇರೆ ಪ್ರಮಾಣಪತ್ರ ಬೇಕಿರಲಿಲ್ಲ. ಆದರೆ ಅದು ಒಬ್ಬ ರಾಜ, ಒಬ್ಬ ಸಾರಥಿ, ಒಂದು ರಥದ ಮಾತು. ದುಡ್ಡು ಕೊಟ್ಟ ಯಾರು ಬೇಕಾದರೂ ಹತ್ತಬಹುದಾದ ಬಂಡಿ ಬಂದ ಮೇಲೆ ಮಾತು ಬೇರೆಯಾಯಿತು.

ಅಂಥ ಬಂಡಿ ಲಂಡನ್ನಿನ ಬೀದಿಗೆ ಇಳಿದದ್ದು 1829ರ ಜುಲೈ 4ರಂದು. ಜಾರ್ಜ್ ಶಿಲ್ಲಿಬೀರ್ ಎಂಬ ಗಾಡಿ ಕಟ್ಟುವವನು ಪ್ಯಾರಿಸ್ಸಿನಲ್ಲಿ ಕಂಡ ಮಾದರಿಯನ್ನು ತಂದು, ಮೂರು ಕುದುರೆ ಕಟ್ಟಿ, ಇಪ್ಪತ್ತೆರಡು ಜನರನ್ನು ಕೂರಿಸಿ, ಪ್ಯಾಡಿಂಗ್ಟನ್ನಿನಿಂದ ಬ್ಯಾಂಕ್ ಎಂಬ ಪೇಟೆಯ ನಡುಭಾಗದವರೆಗೆ ‘ಆಮ್ನಿಬಸ್’ ಓಡಿಸಿದನು. ಲಾಭವಿದೆಯೆಂದು ಗೊತ್ತಾದ ಕೂಡಲೆ ಎಲ್ಲರೂ ಓಡಿಸತೊಡಗಿದರು. ಗಿರಾಕಿಗಾಗಿ ಬಂಡಿಗೆ ಬಂಡಿ ಪಂದ್ಯ ಕಟ್ಟಿ ಓಡುವುದು ಮಾಮೂಲಾಯಿತು. ಒಂದೇ ದಾರಿಯಲ್ಲಿ ಎರಡು ಬಸ್ಸು ಓಡುವ ನಮ್ಮ ಯಾವ ಊರಿನವರಿಗೂ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ.

1838ರಲ್ಲಿ ಅಲ್ಲಿನ ಸರ್ಕಾರ ಕಾನೂನು ಮಾಡಿ, ಡ್ರೈವರು ಕಂಡಕ್ಟರುಗಳೆಲ್ಲ ಪರವಾನಗಿ ಪಡೆದು, ನಂಬರು ಕೆತ್ತಿದ ಲೋಹದ ಬಿಲ್ಲೆಯನ್ನು ಎಲ್ಲರಿಗೂ ಕಾಣುವಂತೆ ಧರಿಸಬೇಕೆಂದು ವಿಧಿಸಿತು. 1843ರ ಕಾನೂನು ಇನ್ನೂ ಒಂದು ಹೆಜ್ಜೆ ಮುಂದೆ ಹೋಗಿ, ಸನ್ನಡತೆ ಮತ್ತು ಕೆಲಸದ ಯೋಗ್ಯತೆಯ ಬಗ್ಗೆ ಪ್ರಮಾಣಪತ್ರ ತಂದವರಿಗೆ ಮಾತ್ರ ಬಿಲ್ಲೆ ಎಂದಿತು. ಇಲ್ಲಿ ಒಂದು ಸಂಗತಿಯನ್ನು ಗಮನಿಸಬೇಕು. ಆ ಬಿಲ್ಲೆ ಹುಟ್ಟಿದ್ದು ಕುಶಲತೆಯ ಗೌರವಕ್ಕಾಗಿ ಅಲ್ಲ. ತಪ್ಪು ಮಾಡಿದವನು ಜನಜಂಗುಳಿಯಲ್ಲಿ ಕಣ್ಮರೆಯಾಗದಿರಲಿ ಎಂಬುದಕ್ಕಾಗಿ. ಕುದುರೆ ಹೊಡೆಯುವುದು ಬರುತ್ತದೆಯೇ ಎಂದು ಯಾರೂ ಕೂರಿಸಿ ಪರೀಕ್ಷೆ ಮಾಡಲಿಲ್ಲ. ‘ಇವನು ಕುಡುಕನಲ್ಲ, ಜಗಳಗಂಟನಲ್ಲ’ ಎಂದು ಬಲ್ಲವರು ಬರೆದುಕೊಟ್ಟರೆ ಸಾಕಾಗಿತ್ತು.

ಮೋಟಾರು ಬಂದ ಮೇಲೂ ಈ ಬುದ್ಧಿ ಬೇಗ ಬದಲಾಗಲಿಲ್ಲ. 1904ರಿಂದ ಇಂಗ್ಲೆಂಡಿನಲ್ಲಿ ಮೋಟಾರು ನಡೆಸಲು ಲೈಸೆನ್ಸು ಬೇಕಾಯಿತು; ಐದು ಷಿಲ್ಲಿಂಗು ಕೊಟ್ಟವರಿಗೆಲ್ಲ ಅದು ಸಿಗುತ್ತಿತ್ತು. ಹೊಸದಾಗಿ ಕಲಿತವರೆಲ್ಲರಿಗೂ ಪರೀಕ್ಷೆ ಕಡ್ಡಾಯವಾದದ್ದು 1935ರ ಜೂನಿನಲ್ಲಿ. ಆದರೆ ಬಸ್ಸಿನವರ ಬಗ್ಗೆ ಅಷ್ಟು ಕಾಯಲಿಲ್ಲ. 1930ರ ರಸ್ತೆ ಸಂಚಾರ ಕಾನೂನೇ ಅವರಿಗೆ ಪ್ರತ್ಯೇಕ ಲೈಸೆನ್ಸನ್ನು ಗೊತ್ತುಮಾಡಿತು. ಲಂಡನ್ನಿನ ಚಿಸ್ವಿಕ್ ಎಂಬಲ್ಲಿದ್ದ ಬಸ್ ತರಬೇತಿ ಶಾಲೆಯಲ್ಲಿ ಜಾರುವ ನೆಲವನ್ನೇ ಸಿದ್ಧಮಾಡಿಟ್ಟಿದ್ದರು. ಕಲಿಯುವವನು ಎರಡಂತಸ್ತಿನ ಬಸ್ಸನ್ನು ವೇಗವಾಗಿ ತಂದು, ಬೇಕೆಂದೇ ಜಾರಿಸಿ, ಗಾಬರಿಗೊಳ್ಳದೆ ಅದನ್ನು ಮತ್ತೆ ಹತೋಟಿಗೆ ತರಬೇಕು. ನೆಟ್ಟಗೆ ಹೋಗುವ ಬಸ್ಸನ್ನು ನಡೆಸುವುದಲ್ಲ, ಕೈಮೀರಿದ ಬಸ್ಸನ್ನು ಕೈಗೆ ತಂದುಕೊಳ್ಳುವುದೇ ವಿದ್ಯೆ ಎಂಬ ತಿಳಿವಳಿಕೆ ಅಷ್ಟು ಹೊತ್ತಿಗೆ ಬಂದಿತ್ತು.

ಇನ್ನು ನಮ್ಮ ಕಡೆಗೆ ಬರೋಣ. ಬ್ರಿಟಿಷ್ ಇಂಡಿಯಾಕ್ಕೆಲ್ಲ ಅನ್ವಯಿಸುವ ಮೊದಲ ಮೋಟಾರು ವಾಹನ ಕಾನೂನು ಬಂದದ್ದು 1914ರಲ್ಲಿ. ಅದೇ ವರ್ಷ ಮಂಗಳೂರಿನಲ್ಲಿ ಕೆನರಾ ಪಬ್ಲಿಕ್ ಕನ್ವೇಯನ್ಸ್ ಕಂಪನಿ ಹುಟ್ಟಿತು ಎಂಬುದು ನೆನಪಿಡತಕ್ಕ ಕಾಕತಾಳೀಯ. ಲೈಸೆನ್ಸಿಲ್ಲದೆ ಯಾರೂ ಮೋಟಾರು ನಡೆಸಕೂಡದು, ಹದಿನೆಂಟು ತುಂಬದವರು ನಡೆಸಕೂಡದು ಎಂದು ಆ ಕಾನೂನು ಹೇಳಿತು. ಬಸ್ಸಿನ ಡ್ರೈವರಾಗುವ ದಾರಿ ಮಾತ್ರ ಕಾನೂನಿನ ಪುಸ್ತಕದಲ್ಲಿರಲಿಲ್ಲ, ಗಾಡಿ ತೊಳೆಯುವುದರಲ್ಲಿತ್ತು. ಹುಡುಗ ಕ್ಲೀನರಾಗಿ ಸೇರಬೇಕು, ನೀರು ಹೊಯ್ಯಬೇಕು, ಟೈರು ಬಿಚ್ಚಬೇಕು, ಹಿಂದೆ ನಿಂತು ‘ರೈಟ್’ ಎನ್ನಬೇಕು. ವರ್ಷಗಟ್ಟಲೆ ಡ್ರೈವರನ ಕೈಕಾಲುಗಳನ್ನೇ ನೋಡಿ ನೋಡಿ, ಡಿಪೋದ ಅಂಗಳದಲ್ಲಿ ಗಾಡಿ ತಿರುಗಿಸಲು ಅಪ್ಪಣೆ ಸಿಕ್ಕ ದಿನ ಅವನ ಉಪನಯನ. ಗುರುಕುಲ ಪದ್ಧತಿ ಬೇರೆಲ್ಲ ಕಡೆ ಅಳಿದ ಮೇಲೂ ಬಸ್ಸಿನ ಶೆಡ್ಡಿನಲ್ಲಿ ಬಹುಕಾಲ ಉಳಿದಿತ್ತೆಂದರೆ ತಪ್ಪಾಗದು.

1939ರ ಮೋಟಾರು ವಾಹನ ಕಾನೂನು ಈ ವಿದ್ಯೆಗೆ ಲಿಖಿತ ಅಳತೆಗೋಲು ಕೊಟ್ಟಿತು. ಸಂಬಳಕ್ಕಾಗಿ ವಾಹನ ನಡೆಸುವವರ, ಬಸ್ಸು ಲಾರಿ ನಡೆಸುವವರ ಲೈಸೆನ್ಸಿನಲ್ಲಿ ಹಾಗೆಂದು ವಿಶೇಷವಾಗಿ ನಮೂದಾಗಿರಬೇಕು. ಬಸ್ಸು ಲಾರಿಗೆ ವಯಸ್ಸು ಇಪ್ಪತ್ತು ತುಂಬಿರಬೇಕು. ಇಪ್ಪತ್ತೈದು ಗಜ ದೂರದಿಂದ ಮೋಟಾರಿನ ನಂಬರಿನಷ್ಟು ದಪ್ಪದ ಅಕ್ಷರ ಅಂಕಿಗಳನ್ನು ಗುರುತಿಸಬೇಕು, ಕೆಂಪು ಹಸಿರುಗಳ ಭೇದ ಕಾಣಬೇಕು, ಇರುಳುಗುರುಡು ಇರಬಾರದು, ಮೂರ್ಛೆರೋಗ ಇರಬಾರದು. ಪರೀಕ್ಷೆಯಲ್ಲಿ ಗಾಡಿಯನ್ನು ಹೊರಡಿಸಿ, ಮೂಲೆಗಳಲ್ಲಿ ಸರಿಯಾಗಿ ತಿರುಗಿಸಿ, ತಟ್ಟನೆ ನಿಲ್ಲಿಸಿ, ಹಿಂದಕ್ಕೆ ನಡೆಸಿ, ಕೈಸನ್ನೆ ತೋರಿಸಬೇಕು. ಲಂಡನ್ನಿನ ಬಿಲ್ಲೆ ಕೇಳಿದ್ದು ನಡತೆಯನ್ನು. ಈ ಕಾನೂನು ಕೇಳಿದ್ದು ಕಣ್ಣು ಮತ್ತು ಕೈಯನ್ನು. ಎಷ್ಟನೆಯ ಕ್ಲಾಸು ಓದಿದ್ದೀಯೆ ಎಂದು ಅದು ಕೇಳಲಿಲ್ಲ.

ಮೈಸೂರು ಆಗ ಸಂಸ್ಥಾನ. ಬ್ರಿಟಿಷ್ ಇಂಡಿಯಾದ ಕಾನೂನು ನೇರವಾಗಿ ನಡೆಯುತ್ತಿದ್ದುದು ಮಂಗಳೂರು, ಧಾರವಾಡ, ಬೆಳಗಾವಿಗಳ ಕಡೆ. 1948ರ ಸೆಪ್ಟೆಂಬರ್ 12ರಂದು ಮೈಸೂರು ಸರ್ಕಾರವೇ 120 ಬಸ್ಸುಗಳೊಡನೆ ಸಾರಿಗೆ ಇಲಾಖೆಯನ್ನು ಆರಂಭಿಸಿತು. 1961ರ ಆಗಸ್ಟ್ 1ರಂದು ಅದು ನಿಗಮವಾಯಿತು. ಅಲ್ಲಿಂದ ಡ್ರೈವರ ಕೆಲಸ ಸಾಹುಕಾರರ ಮರ್ಜಿಯದಲ್ಲ, ಸರ್ಕಾರದ ನೌಕರಿ. ಲೈಸೆನ್ಸಿನ ಪರೀಕ್ಷೆಯ ಮೇಲೆ ನೌಕರಿಯ ಪರೀಕ್ಷೆಯೂ ಬಂತು. ಈಚೆಗೆ ಹುಮನಾಬಾದಿನ ತರಬೇತಿ ಕೇಂದ್ರದಲ್ಲಿ ಕಂಪ್ಯೂಟರಿನ ಕಣ್ಗಾವಲಿರುವ ಪಥದ ಮೇಲೆ ಅಭ್ಯರ್ಥಿಗಳು ಬಸ್ಸು ನಡೆಸಿ ತೋರಿಸಿದ್ದಾರೆ. ಶಿಫಾರಸಿಗೆ ಕಿವಿಗೊಡದ ಪರೀಕ್ಷಕನೆಂದರೆ ಅದೊಂದೇ ಇರಬೇಕು.

ಒಂದು ಮಾತು ಇಲ್ಲಿ ಹೇಳಬೇಕು. ಡ್ರೈವರು ಗಂಡಸೇ ಆಗಿರಬೇಕೆಂದು ಈ ಕಾನೂನುಗಳು ಹೇಳಲಿಲ್ಲ, ಹೇಳಿದ್ದು ರೂಢಿ. ಚಿಸ್ವಿಕ್ ಶಾಲೆಯ ಊರಾದ ಲಂಡನ್ನಿನಲ್ಲೇ ಜಿಲ್ ವೈನರ್ ಎಂಬಾಕೆ ಅಲ್ಲಿನ ಸಾರಿಗೆ ಸಂಸ್ಥೆಯ ಮೊದಲ ಮಹಿಳಾ ಬಸ್ ಡ್ರೈವರಾದದ್ದು 1974ರಲ್ಲಿ. ನೆರೆಯ ತಮಿಳುನಾಡಿನಲ್ಲಿ ವಸಂತಕುಮಾರಿ ಅವರು ಸರ್ಕಾರಿ ಬಸ್ಸಿನ ಚಕ್ರ ಹಿಡಿದದ್ದು 1993ರಲ್ಲಿ. ಯೋಗ್ಯತೆಯ ಬಾಗಿಲು ಕಾಗದದ ಮೇಲೆ ತೆರೆದಿದ್ದರೂ ಹೊಸಿಲ ಮೇಲೆ ಯಾರೋ ನಿಂತಿರುವುದುಂಟು.

ಈಗಿರುವುದು 1988ರ ಕಾನೂನು. ಹಗುರ ವಾಹನದ ಲೈಸೆನ್ಸು ಪಡೆದು ಒಂದು ವರ್ಷವಾದರೂ ಕಳೆದ ಮೇಲೆಯೇ ಬಸ್ಸಿನಂಥ ವಾಹನವನ್ನು ಕಲಿಯಲು ಅನುಮತಿ; ವೈದ್ಯರ ಪ್ರಮಾಣಪತ್ರ; ಮತ್ತೆ ಪರೀಕ್ಷೆ. ಮೊದಲು ಮೂರು ವರ್ಷಕ್ಕೊಮ್ಮೆ ನವೀಕರಣವಿತ್ತು. 2019ರ ತಿದ್ದುಪಡಿ ಅದನ್ನು ಐದು ವರ್ಷಕ್ಕೆ ಏರಿಸಿತು. ಏಳೂವರೆ ಸಾವಿರ ಕಿಲೋಗ್ರಾಮು ಮೀರದ ಬಾಡಿಗೆ ವಾಹನಕ್ಕೆ ಹಗುರ ವಾಹನದ ಲೈಸೆನ್ಸೇ ಸಾಕೆಂದು 2024ರ ನವೆಂಬರಿನಲ್ಲಿ ಸುಪ್ರೀಂ ಕೋರ್ಟಿನ ಐವರು ನ್ಯಾಯಾಧೀಶರ ಪೀಠ ತೀರ್ಮಾನಿಸಿತು. ದೊಡ್ಡ ಬಸ್ಸಿಗೆ ಆ ರಿಯಾಯಿತಿ ಇಲ್ಲ.

ಆದರೆ ಈ ಕಾನೂನಿನ ಕೆಳಗೆ ಬಂದ ನಿಯಮಗಳಲ್ಲಿ ಒಂದು, 1939ರವರು ಕೇಳದ ಪ್ರಶ್ನೆಯನ್ನು ಕೇಳಿತು: ಎಂಟನೆಯ ತರಗತಿ ಪಾಸಾಗಿದೆಯೇ? ಅದು ಯಾರ ಬದುಕನ್ನು ಹೇಗೆ ತಟ್ಟಿತೆಂಬುದು ನನಗೆ ತಿಳಿದದ್ದು ಪುಸ್ತಕದಿಂದಲ್ಲ.

ನಾನು ಹುಡುಗನಾಗಿದ್ದಾಗ ತೀರ್ಥಹಳ್ಳಿ ಕಡೆಯ ನಮ್ಮೂರಿಗೆ ದಿನಕ್ಕೆ ಎರಡು ಸಲ ಬಸ್ಸು ತರುತ್ತಿದ್ದ ಡ್ರೈವರೊಬ್ಬರಿದ್ದರು. ಎರಡನೆಯ ಕ್ಲಾಸಿಗೆ ಶಾಲೆ ಬಿಟ್ಟು ಕ್ಲೀನರಾಗಿ ಸೇರಿದವರು. ಆಗುಂಬೆ ಘಾಟಿಯ ಹದಿನಾಲ್ಕು ತಿರುವುಗಳೂ ಅವರಿಗೆ ಬಾಯಿಪಾಠ. ಕೆಲವು ವರ್ಷಗಳ ಹಿಂದೆ ಊರಿಗೆ ಹೋದಾಗ ಜಗಲಿಯ ಮೇಲೆ ಕೂತಿದ್ದರು. ಅಣ್ಣನ ಮಗ ಹತ್ತು ವರ್ಷ ಕ್ಲೀನರಾಗಿ ದುಡಿದರೂ ಹೆವಿ ಲೈಸೆನ್ಸು ಸಿಗಲಿಲ್ಲವಂತೆ. ಅವನು ಓದಿದ್ದು ಆರನೆಯ ಕ್ಲಾಸು. ‘ನನಗೆ ಕೊಟ್ಟರು, ಅವನಿಗೆ ಕೊಡಲ್ಲ ಅಂತಾರೆ ಮೇಷ್ಟ್ರೇ. ಬಸ್ಸೂ ಅದೇ, ಘಾಟಿಯೂ ಅದೇ’ ಎಂದರು. ಅಕ್ಷರದಿಂದಲೇ ಅನ್ನ ತಿನ್ನುವ ನನಗೆ ಉತ್ತರ ಹೊಳೆಯಲಿಲ್ಲ.

ಸ್ವಲ್ಪ ಹೊತ್ತು ಸುಮ್ಮನಿದ್ದು ಅವರೇ ಇನ್ನೊಂದು ಸಂಗತಿ ಹೇಳಿದರು. ಮದುವೆಯ ದಿಬ್ಬಣ ಕೂರಿಸಿಕೊಂಡು ಗೊತ್ತಿಲ್ಲದ ದಾರಿಯಲ್ಲಿ ರಾತ್ರಿ ಹೋಗುತ್ತಿದ್ದರಂತೆ. ರಸ್ತೆ ಬದಿಯಲ್ಲಿ ಒಂದು ಹಲಗೆ. ಅವರಿಗೆ ಅದು ಬರಿಯ ಹಲಗೆ. ಓದುಬರಹ ಬಲ್ಲ ಕ್ಲೀನರ್ ಹುಡುಗ ‘ಅಣ್ಣಾ, ಮುಂದೆ ಮೋರಿ ಕುಸಿದಿದೆ ಅಂತ ಬರೆದಿದ್ದಾರೆ, ನಿಲ್ಸಿ’ ಎಂದು ಕೂಗಿದನಂತೆ. ‘ಅವತ್ತು ಆ ಹುಡುಗ ಇಲ್ಲದಿದ್ರೆ ನಾನಿಲ್ಲಿ ಕೂತು ನಿಮ್ಮತ್ರ ಮಾತಾಡ್ತಿರಲಿಲ್ಲ’ ಎಂದರು. ಎರಡು ಪಕ್ಷದ ವಾದವನ್ನೂ ಒಬ್ಬರೇ ಮಂಡಿಸಿದ್ದರು.

2019ರಲ್ಲಿ ಕೇಂದ್ರ ಸರ್ಕಾರ ಆ ಎಂಟನೆಯ ತರಗತಿಯ ನಿಯಮವನ್ನು ತೆಗೆದುಹಾಕಿತು. ಹರಿಯಾಣದ ಮೇವಾತ್ ಪ್ರದೇಶದ ಬಡವರಿಗೆ ಬೇರೆ ಜೀವನೋಪಾಯವಿಲ್ಲವೆಂದು ಅಲ್ಲಿನ ಸರ್ಕಾರ ಕೇಳಿಕೊಂಡಿತ್ತು. ದೇಶದಲ್ಲಿ ಸುಮಾರು 22 ಲಕ್ಷ ಚಾಲಕರ ಕೊರತೆ ಇದೆಯೆಂದು ಕೇಂದ್ರವೂ ಹೇಳಿತು. ರಸ್ತೆಯ ಚಿಹ್ನೆಗಳನ್ನು ಓದುವುದು, ದಿನಚರಿಯ ದಾಖಲೆ ಬರೆಯುವುದು ಮುಂತಾದವನ್ನು ತರಬೇತಿಯಲ್ಲಿಯೇ ಕಲಿಸಬೇಕೆಂಬ ಮಾತೂ ಅದರ ಜೊತೆಗಿತ್ತು. ನನಗೆ ಇದು ಸರಿಯೆಂದೇ ತೋರುತ್ತದೆ, ಆ ಕಡೆಯ ಮಾತನ್ನು ನಡೆಸಿಕೊಟ್ಟರೆ. ಬಾಲ್ಯದಲ್ಲಿ ಬಡತನದಿಂದ ಶಾಲೆ ಬಿಟ್ಟವನಿಗೆ ಮೂವತ್ತನೆಯ ವಯಸ್ಸಿನಲ್ಲಿ ಅದಕ್ಕಾಗಿ ಶಿಕ್ಷೆ ಕೊಡುವುದು ನ್ಯಾಯವಲ್ಲ. ಹಾಗೆಂದು ಹಲಗೆ ಓದಲಾರದವನ ಕೈಗೆ ದಿಬ್ಬಣದ ಬಸ್ಸು ಕೊಡುವುದೂ ನ್ಯಾಯವಲ್ಲ. ಕೇಳಬೇಕಾದದ್ದು ಶಾಲೆಯ ಸರ್ಟಿಫಿಕೇಟನ್ನಲ್ಲ, ಹಲಗೆ ಓದುವ ಶಕ್ತಿಯನ್ನು. ಅದಿಲ್ಲದವನಿಗೆ ಕಲಿಸುವ ಹೊಣೆ ಪರೀಕ್ಷಿಸುವವರದೂ ಹೌದು.

ನಡತೆ, ಕಣ್ಣು, ಕೈ, ಅಕ್ಷರ ಎಂದು ಒಂದೊಂದು ಕಾಲ ಒಂದೊಂದನ್ನು ಕೇಳಿತು. ಇವೆಲ್ಲ ಡ್ರೈವರು ತರಬೇಕಾದವು. ಅವನಿಗೆ ನಾವು ಕೊಡಬೇಕಾದದ್ದೊಂದಿದೆ. 1939ರ ಕಾನೂನು ಪರೀಕ್ಷೆಯನ್ನು ವಿಧಿಸಿದಾಗಲೇ, ಅರ್ಧ ಗಂಟೆ ಬಿಡುವಿಲ್ಲದೆ ಐದು ಗಂಟೆಗಿಂತ ಹೆಚ್ಚು, ದಿನಕ್ಕೆ ಒಂಬತ್ತು ಗಂಟೆಗಿಂತ ಹೆಚ್ಚು, ವಾರಕ್ಕೆ ಐವತ್ನಾಲ್ಕು ಗಂಟೆಗಿಂತ ಹೆಚ್ಚು ಡ್ರೈವರನಿಂದ ಕೆಲಸ ಮಾಡಿಸಬಾರದೆಂದು ವಿಧಿಸಿತ್ತು. 1961ರ ಮೋಟಾರು ಸಾರಿಗೆ ಕಾರ್ಮಿಕರ ಕಾನೂನು ಅದನ್ನು ದಿನಕ್ಕೆ ಎಂಟು, ವಾರಕ್ಕೆ ನಲವತ್ತೆಂಟು ಗಂಟೆಗೆ ಇಳಿಸಿತು. ನಿದ್ದೆಗೆಟ್ಟ ಕಣ್ಣಿಗೆ ಇಪ್ಪತ್ತೈದು ಗಜದ ಅಕ್ಷರವೂ ಮಸುಕು, ಕೆಂಪು ಹಸಿರೂ ಒಂದೇ ಎಂಬುದು ಆ ಕಾನೂನು ಬರೆದವರಿಗೆ ಗೊತ್ತಿತ್ತು. ಐದು ವರ್ಷಕ್ಕೊಮ್ಮೆ ಬರೆದುಕೊಡುವ ಯೋಗ್ಯತೆಯನ್ನು ಪ್ರತಿರಾತ್ರಿಯೂ ಉಳಿಸಿಕೊಳ್ಳಬೇಕಾಗುತ್ತದೆ. ಅದು ಡ್ರೈವರೊಬ್ಬನ ಕೈಯಲ್ಲಿಲ್ಲ. ವೇಳಾಪಟ್ಟಿ ಬರೆಯುವವರ, ಬಸ್ಸಿನ ಯಜಮಾನರ, ‘ಇನ್ನೂ ಎಷ್ಟು ಹೊತ್ತಪ್ಪಾ’ ಎಂದು ಅವಸರಿಸುವ ನಮ್ಮ ಕೈಯಲ್ಲೂ ಇದೆ.

ಇಂದು ದೇಶದಾದ್ಯಂತ ಲೈಸೆನ್ಸುಗಳ ಲೆಕ್ಕವಿಡುವ ಸರ್ಕಾರದ ಕಂಪ್ಯೂಟರ್ ವ್ಯವಸ್ಥೆಗೆ ‘ಸಾರಥಿ’ ಎಂದೇ ಹೆಸರು. ಹೆಸರಿಟ್ಟವರು ಪುರಾಣ ಬಲ್ಲವರಿರಬೇಕು. ಋತುಪರ್ಣನು ಬಾಹುಕನ ವಿದ್ಯೆಯನ್ನು ಮೆಚ್ಚಿ, ತನಗೆ ತಿಳಿದ ಅಕ್ಷಹೃದಯವನ್ನು ಅವನಿಗೆ ಕೊಟ್ಟು ಅಶ್ವಹೃದಯವನ್ನು ಪಡೆದನೆಂದು ಕಥೆ ಹೇಳುತ್ತದೆ. ರಥದಲ್ಲಿ ಕುಳಿತವನೂ ಸಾರಥಿಗೆ ಏನನ್ನಾದರೂ ಕೊಡಬೇಕಾದವನೇ. ಮುಂದಿನ ಸಲ ರಾತ್ರಿಯ ಬಸ್ಸು ಹತ್ತುವಾಗ ಕಿಟಕಿಯ ಗಾಜನ್ನು ನೋಡುವ ಮೊದಲು ಚಕ್ರದ ಹಿಂದಿನ ಆ ಮುಖವನ್ನು ಒಮ್ಮೆ ನೋಡೋಣ. ನಿನ್ನೆ ರಾತ್ರಿ ಅವರಿಗೆ ನಿದ್ದೆಯಾಗಿದೆಯೇ ಎಂದಾದರೂ ಕೇಳೋಣ.