ದಾಮದುಪಟ್ ಮತ್ತು ನನ್ನ ಕಂತು

ಪುಣೆಯಲ್ಲಿ ಫ್ಲ್ಯಾಟ್ ಕೊಂಡಾಗ ನಾನು ನೋಡಿದ್ದು ತಿಂಗಳ ಕಂತನ್ನು ಮಾತ್ರ. 50 ಲಕ್ಷ ಸಾಲ, ಶೇ. 8.5 ಬಡ್ಡಿ, 20 ವರ್ಷ. ಕಂತು 43,391 ರೂಪಾಯಿ. ಆಫೀಸಿನಲ್ಲಿ ಕೋಟಿಗಳ ಬಜೆಟ್ ಹಾಕುವ ನಾನು ಇದನ್ನು 240 ತಿಂಗಳಿಂದ ಗುಣಿಸಿರಲಿಲ್ಲ. ಗುಣಿಸಿದ ದಿನ ಬಂದದ್ದು 1.04 ಕೋಟಿ. ಅಸಲಿಗಿಂತ ಬಡ್ಡಿಯೇ 4 ಲಕ್ಷ ಹೆಚ್ಚು!

ಇದಕ್ಕೆ ನಮ್ಮಲ್ಲಿ ಹಿಂದೆ ಒಂದು ಗೆರೆಯಿತ್ತು. ಒಮ್ಮೆಗೆ ವಸೂಲು ಮಾಡುವ ಬಡ್ಡಿ ಅಸಲನ್ನು ಮೀರಬಾರದು ಎನ್ನುತ್ತದೆ ಮನುಸ್ಮೃತಿ. ಇದೇ ‘ದಾಮದುಪಟ್’. ಬ್ರಿಟಿಷರ ಕಾಲದಲ್ಲಿ, ಧಾರವಾಡ, ಬೆಳಗಾವಿಗಳೂ ಸೇರಿದ್ದ ಮುಂಬೈ ಪ್ರಾಂತ್ಯದ ನ್ಯಾಯಾಲಯಗಳು ಹಿಂದೂ ಸಾಲಗಾರರಿಗೆ ಈ ನಿಯಮವನ್ನು ಅನ್ವಯಿಸುತ್ತಿದ್ದವು.

ಹಾಗಾದರೆ ನನ್ನ ಸಾಲ ಗೆರೆ ದಾಟಿತೇ? ಉತ್ತರ ಕನ್ನಡ ನೆಲದಲ್ಲೇ ಇದೆ. ಆರನೇ ವಿಕ್ರಮಾದಿತ್ಯನ ಕಲ್ಯಾಣದಲ್ಲಿ, ಅಂದರೆ ಇಂದಿನ ಬಸವಕಲ್ಯಾಣದಲ್ಲಿ, ‘ಮಿತಾಕ್ಷರ’ ಬರೆದ ವಿಜ್ಞಾನೇಶ್ವರ ಈ ‘ಒಮ್ಮೆಗೆ’ ಎಂಬ ಪದವನ್ನು ಬಿಡಿಸಿ ನೋಡಿದ್ದಾನೆ. ದಿನದಿನ, ತಿಂಗಳು ತಿಂಗಳು ಸ್ವಲ್ಪಸ್ವಲ್ಪವಾಗಿ ಪಡೆದರೆ ಬಡ್ಡಿ ದುಪ್ಪಟ್ಟನ್ನು ಮೀರಬಹುದು ಎಂಬುದು ಅವನ ವಿವರಣೆ. ಸುಮಾರು ಒಂಬತ್ತು ಶತಮಾನಗಳ ಹಿಂದೆಯೇ ಕಂತಿನ ಗುಟ್ಟು ಅವನಿಗೆ ಗೊತ್ತಿತ್ತು: ಒಟ್ಟಿಗೆ ಕೇಳಿದರೆ ಎದೆ ಒಡೆಯುವ ಮೊತ್ತವನ್ನು ತಿಂಗಳಿಗಿಷ್ಟು ಎಂದರೆ ನಾವು ಕೊಟ್ಟುಬಿಡುತ್ತೇವೆ.

ನನ್ನ ಮೊದಲ ಕಂತಿನಲ್ಲಿ 35,417 ರೂಪಾಯಿ ಬಡ್ಡಿಗೇ ಹೋಗಿತ್ತು. ಆರಂಭದಿಂದಲೇ ತಿಂಗಳಿಗೆ 5,846 ರೂಪಾಯಿ ಹೆಚ್ಚು ಕಟ್ಟಿದ್ದರೆ ಸಾಲ 15 ವರ್ಷಕ್ಕೆ ಮುಗಿದು, 15 ಲಕ್ಷಕ್ಕೂ ಮಿಕ್ಕಿ ಉಳಿಯುತ್ತಿತ್ತು. ಈಗ ಗೆರೆ ಎಳೆಯುವ ಕಾನೂನಿನ ದಾರಿ ಕಾಯುತ್ತಿಲ್ಲ. ಪ್ರತಿ ಬೋನಸ್ಸನ್ನೂ ಅಸಲಿಗೇ ಕಟ್ಟುತ್ತಿದ್ದೇನೆ.