ಪ್ರಸ್ತಾರವಿಧಿಯೂ ಗಣಗಳ ಸ್ತರವಿನ್ಯಾಸವೂ

ಛಂದಶ್ಶಾಸ್ತ್ರದ ಷಟ್ಪ್ರತ್ಯಯಭಾಗವನ್ನು ಸಾಹಿತ್ಯಬೋಧಕರು ಬಹುಮಟ್ಟಿಗೆ ಬಿಟ್ಟುಬಿಡುವುದು ವಾಡಿಕೆಯಾಗಿದೆ. ಗಣವಿಭಾಗವನ್ನರಿತರೆ ಪದ್ಯವನ್ನೋದಲು ಸಾಕು. ಪ್ರಸ್ತಾರ, ನಷ್ಟ, ಉದ್ದಿಷ್ಟ, ಲಗಕ್ರಿಯೆ, ಸಂಖ್ಯೆ, ಅಧ್ವ ಎಂಬಿವು ಗಣಿತಜ್ಞರ ವಿನೋದವೆಂಬ ಭಾವನೆಯೇ ಇದಕ್ಕೆ ಕಾರಣವಾಗಿರಬೇಕು. ಆದರೆ ಗಣಗಳ ಕ್ರಮಕ್ಕೆ ಉಪಪತ್ತಿಯು ದೊರೆಯುವುದು ಆ ಭಾಗದಲ್ಲಿಯೇ ಎಂಬುದನ್ನು ಇಲ್ಲಿ ತೋರಿಸಲು ಯತ್ನಿಸಿದೆ.

ಈ ವಿಧಿಗಳಿಗೆ ಮೂಲವು ಪಿಂಗಳನ ಸೂತ್ರಗಳು. ಕನ್ನಡನಾಡಿನಲ್ಲಿ ಅಮೋಘವರ್ಷ ನೃಪತುಂಗನ ಕಾಲದವನಾದ ಮಹಾವೀರಾಚಾರ್ಯನು ಸುಮಾರು ಕ್ರಿ. ಶ. ೮೫೦ರಲ್ಲಿ ತನ್ನ 'ಗಣಿತಸಾರಸಂಗ್ರಹ'ದೊಳಗೆ ಇವನ್ನು ಸೇರಿಸಿದನು. ಸುಮಾರು ೯೯೦ರಲ್ಲಿ ಒಂದನೆಯ ನಾಗವರ್ಮನು, ಕಿಟ್ಟೆಲರು ೧೮೭೫ರಲ್ಲಿ ಅಚ್ಚುಮಾಡಿಸಿದ 'ಛಂದೋಂಬುಧಿ'ಯಲ್ಲಿ, ಇವನ್ನೇ ಕನ್ನಡದಲ್ಲಿ ನಿರೂಪಿಸಿದನು. ಗಣಿತಜ್ಞನಿಗೂ ಕವಿಗೂ ಈ ವಿದ್ಯೆಯು ಸಮಾನವಾಗಿದ್ದಿತು.

ಪ್ರಸ್ತಾರದ ರೀತಿ ಇಂತಿದೆ. ಮೊದಲ ಸಾಲಿನಲ್ಲಿ ಎಲ್ಲವೂ ಗುರು. ಮುಂದಿನ ಸಾಲಿನಲ್ಲಿ, ಮೇಲಣ ಸಾಲಿನ ಮೊದಲ ಗುರುವಿನ ಕೆಳಗೆ ಲಘುವನ್ನಿಟ್ಟು, ಅದರ ಬಲಭಾಗವನ್ನು ಮೇಲಿದ್ದಂತೆಯೇ ಬರೆದು, ಎಡಭಾಗವನ್ನು ಗುರುಗಳಿಂದ ತುಂಬಬೇಕು. ಎಲ್ಲವೂ ಲಘುವಾದಾಗ ನಿಲ್ಲಿಸಬೇಕು. ಮೂರಕ್ಷರಗಳಿಗೆ ಹೀಗೆ ಮಾಡಿದರೆ ಮ, ಯ, ರ, ಸ, ತ, ಜ, ಭ, ನ ಎಂಬ ಎಂಟು ಗಣಗಳು ಈ ಕ್ರಮದಲ್ಲಿಯೇ ದೊರೆಯುತ್ತವೆ.

ಸಾಲಿನ ಸಂಖ್ಯೆಯಿಂದ ಅದರ ರೂಪವನ್ನು ಪಡೆಯುವುದು ನಷ್ಟ. ಸಂಖ್ಯೆಯು ಸಮವಾದರೆ ಲಘುವನ್ನು ಬರೆದು ಅರ್ಧಿಸಬೇಕು. ಬೆಸವಾದರೆ ಗುರುವನ್ನು ಬರೆದು, ಒಂದನ್ನು ಕೂಡಿಸಿ ಅರ್ಧಿಸಬೇಕು. ಆರನೆಯ ಸಾಲಿಗೆ ೬, ೩, ೨ ಎಂದು ನಡೆದು ಲಘು, ಗುರು, ಲಘು, ಅಂದರೆ ಜಗಣವು, ಬರುತ್ತದೆ. ಇದರ ವಿಲೋಮವೇ ಉದ್ದಿಷ್ಟ. ಅಕ್ಷರಗಳ ಮೇಲೆ ೧, ೨, ೪ ಎಂದು ಇಮ್ಮಡಿಯಾಗಿ ಬರೆದು, ಲಘುಗಳ ಮೇಲಿನವನ್ನು ಕೂಡಿಸಿ, ಒಂದನ್ನು ಸೇರಿಸಿದರೆ ಸಾಲಿನ ಸಂಖ್ಯೆಯು ಬರುತ್ತದೆ: ೧+೪+೧=೬.

ಇಪ್ಪತ್ತಕ್ಷರದ ಪಾದಕ್ಕೆ ಸಾಧ್ಯವಾದ ರೂಪಗಳು ೧೦,೪೮,೫೭೬. ಇವನ್ನೆಲ್ಲ ಬರೆದು ನೋಡುವುದು ಅಸಾಧ್ಯ. ಉದ್ದಿಷ್ಟವಾದರೋ ಒಂದು ಸಾಲಿನ ಕೆಲಸ. ಪಂಪನು ಬಳಸಿದ ಉತ್ಪಲಮಾಲೆಯು ೩,೫೫,೭೯೯ನೆಯದು, ಮತ್ತೇಭವಿಕ್ರೀಡಿತವು ೨,೯೮,೬೭೬ನೆಯದು ಎಂದು ಇದರಿಂದ ಸಿದ್ಧವಾಗುತ್ತದೆ.

ಇಲ್ಲಿ ಗಮನಿಸತಕ್ಕ ಅಂಶವೊಂದುಂಟು. ಮಗಣಕ್ಕೆ ಸೊನ್ನೆಯಿಂದ ನಗಣಕ್ಕೆ ಏಳರವರೆಗೆ ಬೆಲೆಯನ್ನು ಕೊಟ್ಟು, ಪಾದದ ಗಣಗಳನ್ನು ಕ್ರಮವಾಗಿ ೧, ೮, ೬೪ ಮುಂತಾದ ಎಂಟರ ಘಾತಗಳಿಂದ ಗುಣಿಸಿ, ಕಡೆಯಲ್ಲುಳಿಯುವ ಲಘುಗುರುಗಳನ್ನು ಹಿಂದಿನಂತೆಯೇ ಎಣಿಸಿ ಒಂದನ್ನು ಕೂಡಿಸಿದರೂ ಅದೇ ಸಂಖ್ಯೆಯು ಬರುತ್ತದೆ. ಅಕ್ಷರದ ಸ್ತರದಲ್ಲಿ ನಡೆದ ವಿಧಿಯೇ ಗಣದ ಸ್ತರದಲ್ಲಿಯೂ ನಡೆಯುತ್ತದೆಯೆಂದಾಯಿತು. ಆದುದರಿಂದ ಗಣವು ಕೇವಲ ನೆನಪಿನ ಅನುಕೂಲಕ್ಕಾಗಿ ಕತ್ತರಿಸಿದ ತುಂಡಲ್ಲ.

ದೇಶೀಯ ಛಂದಸ್ಸಿಗೂ ಇದು ಅನ್ವಯಿಸುತ್ತದೆ. ಅಂಶಗಣಗಳಲ್ಲಿ ಮೊದಲ ಅಂಶದ ಸ್ಥಾನದಲ್ಲಿ ಒಂದು ಗುರುವಾಗಲಿ ಎರಡು ಲಘುಗಳಾಗಲಿ ನಿಲ್ಲಬಹುದು. ಮುಂದಿನ ಅಂಶವು ಗುರುವೋ ಲಘುವೋ ಆಗಿರುತ್ತದೆ. ಹೀಗೆ ಬ್ರಹ್ಮಗಣಗಳು ೪, ವಿಷ್ಣುಗಣಗಳು ೮, ರುದ್ರಗಣಗಳು ೧೬. ತ್ರಿಪದಿಯಂತಹ ಕನ್ನಡದ ಸ್ವಂತ ಮಟ್ಟುಗಳನ್ನು ಈ ಗಣಗಳಿಂದ ವಿವರಿಸುವಾಗ ನಮ್ಮ ಲಾಕ್ಷಣಿಕರು ಪರಕೀಯವಾದ ಗಣಗಳನ್ನು ಹೇರದೆ, ವಿಧಿಯನ್ನು ಮಾತ್ರ ಉಳಿಸಿಕೊಂಡು ಮೊದಲ ಸ್ಥಾನದ ಬೆಲೆಯನ್ನು ಬದಲಿಸಿದರು.

ಇಂದಿನ ಗಣಕಯಂತ್ರಗಳು ಸೊನ್ನೆ ಒಂದುಗಳೆಂಬ ಎರಡೇ ಅಂಕಗಳಿಂದ ನಡೆಯುತ್ತವೆ. ಅವನ್ನು ಮೂರು ಮೂರಾಗಿ ಕೂಡಿಸಿ ಎಂಟರ ಮಾನದಲ್ಲಿ ಓದುವ ಪದ್ಧತಿಯೂ ಉಂಟು. ಇದರಿಂದ ನಮ್ಮ ಪೂರ್ವಿಕರು ಯಂತ್ರವನ್ನು ಕಂಡಿದ್ದರೆಂದು ಹೇಳುವುದು ಯುಕ್ತವಲ್ಲ. ಅವರು ಕಂಡಿದ್ದುದು ಕ್ರಿಯಾವಿಧಿಯನ್ನು: ನಿಶ್ಚಿತವಾದ ಹೆಜ್ಜೆಗಳನ್ನು, ತಪ್ಪದ ನಿಲುಗಡೆಯನ್ನು, ಒಂದರ ಮೇಲೊಂದು ನಿಂತ ಸ್ತರಗಳನ್ನು. ಕನ್ನಡ ಛಂದಸ್ಸನ್ನು ಬೋಧಿಸುವವರು ಷಟ್ಪ್ರತ್ಯಯಗಳನ್ನು ಕಡೆಯ ಅಧ್ಯಾಯವಾಗಿ ಬಿಡದೆ, ಗಣಪಾಠದ ಜೊತೆಗೇ ಆರಂಭಿಸುವುದು ಉಚಿತವೆಂದು ತೋರುತ್ತದೆ.