ಜರಡಿ ಹಿಡಿದ ಗಣಿತಜ್ಞ ವಿಗ್ಗೊ ಬ್ರುನ್

ನಾರ್ವೆಯ ಗಣಿತ ಎಂದಕೂಡಲೇ ನೆನಪಾಗುವ ಹೆಸರು ನೀಲ್ಸ್ ಹೆನ್ರಿಕ್ ಆಬೆಲ್. 26ನೇ ವಯಸ್ಸಿಗೇ ಕ್ಷಯದಿಂದ ತೀರಿಕೊಂಡ ಅವರ ಹೆಸರಿನಲ್ಲಿ ಇವತ್ತು ಗಣಿತದ ಬಹುದೊಡ್ಡ ಪ್ರಶಸ್ತಿಯಿದೆ. ಅದೇ ನಾಡಿನ ವಿಗ್ಗೊ ಬ್ರುನ್ (1885–1978) ಅವರನ್ನು ಸಂಖ್ಯಾಸಿದ್ಧಾಂತ ಓದಿದವರನ್ನು ಬಿಟ್ಟರೆ ಬೇರೆಯವರು ಅಷ್ಟಾಗಿ ಬಲ್ಲವರಲ್ಲ. ಈ ಇಬ್ಬರನ್ನೂ ಬೆಸೆಯುವ ಒಂದು ಎಳೆಯಿದೆ. ಇಬ್ಬರ ಮುಖ್ಯ ಬರಹವೂ ಆ ಕಾಲದ ಘಟಾನುಘಟಿಯೊಬ್ಬರ ಬಳಿ ಓದುವವರಿಲ್ಲದೆ ಬಿದ್ದಿತ್ತು.

ಬ್ರುನ್ ಕೈಗೆತ್ತಿಕೊಂಡದ್ದು ನಾವೆಲ್ಲ ಶಾಲೆಯಲ್ಲೇ ಕಲಿತ ಉಪಾಯವನ್ನು. ಸಂಖ್ಯೆಗಳನ್ನು ಸಾಲಾಗಿ ಬರೆದು, 2ನ್ನು ಉಳಿಸಿಕೊಂಡು ಅದರ ಗುಣಕಗಳನ್ನೆಲ್ಲ ಹೊಡೆದುಹಾಕುವುದು. ಆಮೇಲೆ 3, 5, 7ರ ಸರದಿ. ಕೊನೆಗೆ ಉಳಿಯುವವು ಅವಿಭಾಜ್ಯ ಸಂಖ್ಯೆಗಳು. ಎರಡು ಸಾವಿರ ವರ್ಷಕ್ಕೂ ಹಳೆಯದಾದ ಇದಕ್ಕೆ ಎರಟೋಸ್ಥನೀಸನ ಜರಡಿ ಎಂದು ಹೆಸರು.

ಪಟ್ಟಿ ಮಾಡುವುದಕ್ಕೆ ಈ ಜರಡಿ ಸಾಕು. ಆದರೆ ಎಷ್ಟು ಉಳಿದವು ಎಂದು ಲೆಕ್ಕ ಹಾಕಲು ಹೊರಟರೆ ತೊಡಕು ಶುರು. 6 ಎಂಬುದು 2ರ ಸರದಿಯಲ್ಲೂ 3ರ ಸರದಿಯಲ್ಲೂ ಹೋಗುತ್ತದೆ. ಎರಡು ಸಲ ಕಳೆದದ್ದನ್ನು ಒಂದು ಸಲ ಕೂಡಬೇಕು. 30ರಂಥ ಸಂಖ್ಯೆ ಬಂದಾಗ ಮತ್ತೆ ಕಳೆಯಬೇಕು. ಹೀಗೆ ಕೂಡಿ ಕಳೆಯುವ ಪ್ರತಿ ಹೆಜ್ಜೆಯಲ್ಲೂ ಒಂದು ಸಣ್ಣ ವ್ಯತ್ಯಾಸ ಉಳಿಯುತ್ತದೆ. ಹೆಜ್ಜೆಗಳು ಹೆಚ್ಚಿದಂತೆ ಈ ಚೂರುಗಳೇ ಗುಡ್ಡೆಯಾಗಿ ಉತ್ತರವನ್ನು ನುಂಗಿಬಿಡುತ್ತವೆ.

ಬ್ರುನ್ ಮಾಡಿದ್ದು ಇಷ್ಟೇ: ಲೆಕ್ಕವನ್ನು ನಡುವೆಯೇ ನಿಲ್ಲಿಸಿದರು. ಕೂಡುವ ಹೆಜ್ಜೆಯಲ್ಲಿ ನಿಲ್ಲಿಸಿದರೆ ಉತ್ತರ ನಿಜಕ್ಕಿಂತ ಕಡಿಮೆಯಾಗದು. ಕಳೆಯುವ ಹೆಜ್ಜೆಯಲ್ಲಿ ನಿಲ್ಲಿಸಿದರೆ ಹೆಚ್ಚಾಗದು. ನಿಖರ ಉತ್ತರದ ಆಸೆ ಬಿಟ್ಟು, ಅದು ಯಾವ ಎರಡು ಗಡಿಗಳ ನಡುವೆ ಇದೆ ಎಂಬುದನ್ನು ಅವರು ಹಿಡಿದರು.

1919ರಲ್ಲಿ ಈ ಜರಡಿಯಿಂದ ಅವಳಿ ಅವಿಭಾಜ್ಯಗಳನ್ನು ಸೋಸಿದರು. 3 ಮತ್ತು 5, 11 ಮತ್ತು 13, 17 ಮತ್ತು 19, ಹೀಗೆ ಎರಡರ ಅಂತರದಲ್ಲಿರುವ ಜೋಡಿಗಳು. ಇವು ಎಂದಾದರೂ ಮುಗಿಯುತ್ತವೆಯೇ? ಎಲ್ಲ ಅವಿಭಾಜ್ಯಗಳ ವ್ಯುತ್ಕ್ರಮಗಳನ್ನು ಕೂಡುತ್ತಾ ಹೋದರೆ ಮೊತ್ತ ಮಿತಿಯಿಲ್ಲದೆ ಬೆಳೆಯುತ್ತದೆ ಎಂದು 18ನೇ ಶತಮಾನದಲ್ಲೇ ಆಯ್ಲರ್ ತೋರಿಸಿದ್ದರು. ಅವಳಿಗಳ ಮೊತ್ತವೂ ಹಾಗೇ ಬೆಳೆದಿದ್ದರೆ ಅವು ಅನಂತವೆಂದು ಅಲ್ಲಿಗೇ ತೀರ್ಮಾನವಾಗುತ್ತಿತ್ತು. ಆದರೆ ಆ ಮೊತ್ತ ಒಂದು ಮಿತಿಯನ್ನು ದಾಟುವುದಿಲ್ಲ ಎಂದು ಬ್ರುನ್ ಸಾಧಿಸಿದರು. ಅದರ ಬೆಲೆ ಸುಮಾರು 1.902 ಎಂಬುದು ಈಗಿನ ಅಂದಾಜು. ಅವಳಿಗಳು ಎಲ್ಲೋ ಮುಗಿಯುತ್ತಿರಬಹುದು, ಇಲ್ಲವೇ ಮುಗಿಯದೆಯೂ ತೀರಾ ವಿರಳವಾಗುತ್ತಿರಬಹುದು. ಪ್ರಶ್ನೆ ಇದ್ದಲ್ಲೇ ಉಳಿಯಿತು. ಆದರೂ ಅವಳಿಗಳ ವಿರಳತೆಯ ಬಗ್ಗೆ ಇಷ್ಟು ಖಚಿತವಾದ ಮಾತು ಸಿಕ್ಕಿತ್ತು.

ಮರುವರ್ಷ ಬ್ರುನ್ ಇನ್ನೂ ಮುಂದೆ ಹೋದರು. ಸಾಕಷ್ಟು ದೊಡ್ಡದಾದ ಪ್ರತಿ ಸಮಸಂಖ್ಯೆಯನ್ನೂ ಎರಡು ಸಂಖ್ಯೆಗಳ ಮೊತ್ತವಾಗಿ ಬರೆಯಬಹುದು, ಆ ಎರಡರಲ್ಲಿ ಯಾವುದಕ್ಕೂ ಒಂಬತ್ತಕ್ಕಿಂತ ಹೆಚ್ಚು ಅವಿಭಾಜ್ಯ ಅಪವರ್ತನಗಳಿರುವುದಿಲ್ಲ ಎಂದು ತೋರಿಸಿದರು. ಗೋಲ್ಡ್‌ಬಾಕ್ ಬಯಸಿದ್ದು ಒಂದೊಂದೇ ಅಪವರ್ತನವನ್ನು. ಒಂಬತ್ತು ದೂರವೇ ಸರಿ, ಆದರೆ ದಾರಿ ತೆರೆದಿತ್ತು. ಬ್ರುನ್ ಅವರ ಬರಹವೋ ಸಂಕೇತಗಳ ದಟ್ಟ ಕಾಡು. ಜರ್ಮನಿಯ ಹೆಸರಾಂತ ಸಂಖ್ಯಾಸಿದ್ಧಾಂತಿ ಎಡ್ಮಂಡ್ ಲಾಂಡೌ ಅವರ ಬಳಿ ಅದು ಎಂಟು ವರ್ಷ ಓದದೆ ಬಿದ್ದಿತ್ತು ಎಂಬ ಕಥೆ ಗಣಿತಜ್ಞರ ನಡುವೆ ಇಂದಿಗೂ ಓಡಾಡುತ್ತದೆ.

ಈ ಬಗೆಯ ಉಪೇಕ್ಷೆ ನಾರ್ವೆಗೆ ಹೊಸದೇನಲ್ಲ. 1826ರಲ್ಲಿ ಆಬೆಲ್ ಪ್ಯಾರಿಸ್ಸಿನ ವಿಜ್ಞಾನ ಅಕಾಡೆಮಿಗೆ ತಮ್ಮ ಮಹತ್ವದ ಪ್ರಬಂಧವನ್ನು ಒಪ್ಪಿಸಿದ್ದರು. ಪರಿಶೀಲಿಸಬೇಕಿದ್ದ ಕೋಶಿ ಅದನ್ನು ಬದಿಗಿಟ್ಟು ಮರೆತರು. 1829ರಲ್ಲಿ ಆಬೆಲ್ ಸತ್ತರು. ಪ್ರಬಂಧ ಅಚ್ಚಾದದ್ದು 1841ರಲ್ಲಿ, ಆಮೇಲೆ ಹಸ್ತಪ್ರತಿಯೇ ಕಾಣೆಯಾಯಿತು. ನೂರು ವರ್ಷಕ್ಕೂ ಮಿಕ್ಕಿ ಕಣ್ಮರೆಯಾಗಿದ್ದ ಆ ಹಾಳೆಗಳ ಬಹುಭಾಗವನ್ನು 1952ರಲ್ಲಿ ಇಟಲಿಯ ಫ್ಲಾರೆನ್ಸ್‌ನ ಗ್ರಂಥಾಲಯವೊಂದರಲ್ಲಿ ಪತ್ತೆಹಚ್ಚಿದವರು ಬೇರಾರೂ ಅಲ್ಲ, ವಿಗ್ಗೊ ಬ್ರುನ್.

ಅವರ 1.902ಕ್ಕೂ ಒಂದು ವಿಚಿತ್ರ ಉಪಯೋಗ ಬಂತು. 1994ರಲ್ಲಿ ಅಮೆರಿಕದ ಪ್ರಾಧ್ಯಾಪಕ ಥಾಮಸ್ ನೈಸ್ಲಿ ಈ ಮೊತ್ತವನ್ನು ಕಂಪ್ಯೂಟರಿನಲ್ಲಿ ಎಣಿಸುತ್ತಿದ್ದಾಗ ಉತ್ತರಗಳು ತಾಳೆಯಾಗಲಿಲ್ಲ. ಹುಡುಕುತ್ತಾ ಹೋದರೆ ಇಂಟೆಲ್ ಕಂಪನಿಯ ಪೆಂಟಿಯಂ ಚಿಪ್ಪಿಗೇ ಭಾಗಾಕಾರ ಸರಿಯಾಗಿ ಬರುತ್ತಿರಲಿಲ್ಲ!

ಜರಡಿಯ ಕೆಲಸ ಮುಂದುವರಿಯಿತು. ಬ್ರುನ್ ನಂತರ ಅವರದೇ ನಾಡಿನ ಆಟ್ಲೆ ಸೆಲ್‌ಬರ್ಗ್ ಅದನ್ನು ಹೊಸದಾಗಿ ಹೆಣೆದರು. 1973ರಲ್ಲಿ ಚೀನಾದ ಚೆನ್ ಜಿಂಗ್‌ರನ್ ಒಂಬತ್ತರ ಜಾಗದಲ್ಲಿ ಒಂದು ಕಡೆ ಅವಿಭಾಜ್ಯವನ್ನೂ ಇನ್ನೊಂದು ಕಡೆ ಹೆಚ್ಚೆಂದರೆ ಎರಡು ಅಪವರ್ತನಗಳ ಸಂಖ್ಯೆಯನ್ನೂ ತಂದು ನಿಲ್ಲಿಸಿದರು. 2013ರಲ್ಲಿ, ಹೆಚ್ಚು ಜನರಿಗೆ ಪರಿಚಯವೇ ಇರದಿದ್ದ ಯಿಟಾಂಗ್ ಜಾಂಗ್, 7 ಕೋಟಿಗಿಂತ ಕಡಿಮೆ ಅಂತರದ ಅವಿಭಾಜ್ಯ ಜೋಡಿಗಳು ಅನಂತವೆಂದು ಸಾಧಿಸಿದರು. ಅವರ ಪ್ರಬಂಧವನ್ನು ಪತ್ರಿಕೆ ಓದಿ, ಪರಿಶೀಲಿಸಿ, ಒಪ್ಪಿಕೊಳ್ಳಲು ತೆಗೆದುಕೊಂಡದ್ದು ತಿಂಗಳಿಗಿಂತ ತುಸು ಹೆಚ್ಚು. ಆ ಅಂತರ ಈಗ 246ಕ್ಕೆ ಇಳಿದಿದೆ.

ಎರಡಕ್ಕೆ ಇಳಿಸುವುದು ಇನ್ನೂ ಬಾಕಿ. ಪೂರ್ತಿ ಉತ್ತರ ಸಿಗದ ಕೆಲಸವನ್ನು ಪ್ರಕಟಿಸಲು ಹಿಂಜರಿಯುವ ನಮ್ಮಂಥ ಸಂಶೋಧನಾ ವಿದ್ಯಾರ್ಥಿಗಳು ಬ್ರುನ್ ಅವರ 1919ರ ಪ್ರಬಂಧದ ಶೀರ್ಷಿಕೆಯನ್ನೊಮ್ಮೆ ನೋಡಬೇಕು. ಅವಳಿಗಳ ಆ ಮೊತ್ತ ಮಿತಿಯೊಳಗೇ ಇದೆ ಎಂದಷ್ಟೇ ಅದು ಹೇಳುತ್ತದೆ. ಸಾಧಿಸಿದ್ದಕ್ಕಿಂತ ಒಂದಕ್ಷರವೂ ಹೆಚ್ಚಿಲ್ಲ.